ಮಳೆನೀರು ಕವಲೊಡೆಯುವ ಬೆಟ್ಟಗಳಲ್ಲಿ

ಹಾಸನದ ಬಸ್ ನಿಲ್ದಾಣದಲ್ಲಿ ಮಂಗಳೂರಿನ ಬಸ್ಸು ಹತ್ತಿ, ಕಿಟಕಿ ಪಕ್ಕದ ಸೀಟು ಹಿಡಿದು ಕುಳಿತ ವಿದ್ಯಾರ್ಥಿಯ ಕೈಯಲ್ಲಿ ಒಂದು ನೋಟು ಪುಸ್ತಕ, ಒಂದು ಪೆನ್ಸಿಲು ಇದ್ದರೆ ಸಾಕು. ತರಗತಿಯಲ್ಲಿ ವರ್ಷಗಟ್ಟಲೆ ಬಾಯಿಪಾಠ ಮಾಡಿದ ಭೂಗೋಳ, ಭೌತಶಾಸ್ತ್ರ, ಜೀವಶಾಸ್ತ್ರಗಳು ಮುಂದಿನ ಐವತ್ತು ಅರವತ್ತು ಕಿಲೋಮೀಟರಿನಲ್ಲಿ ರಸ್ತೆಯ ಎರಡೂ ಮಗ್ಗುಲಿಗೆ ಬಂದು ನಿಲ್ಲುತ್ತವೆ. ಪ್ರವಾಸವೆಂದರೆ ಊಟಿ, ಮೈಸೂರು ಎಂದಷ್ಟೇ ತಿಳಿದಿರುವ ಪೋಷಕರು ಒಮ್ಮೆ ಮಕ್ಕಳನ್ನು ಕರೆದುಕೊಂಡು ಆಲೂರು, ಸಕಲೇಶಪುರಗಳ ಬೆಟ್ಟಸಾಲಿನಲ್ಲಿ ಎರಡು ದಿನ ಕಳೆದು ಬರಬೇಕು. ಖರ್ಚು ಕಡಿಮೆ, ದಾರಿ ಸುಲಭ. ನೋಡಬೇಕಾದ್ದು ಮಾತ್ರ ಎರಡು ದಿನಕ್ಕೆ ಮುಗಿಯುವಂಥದ್ದಲ್ಲ.

ಹಾಸನದಿಂದ ಹೊರಟ ಬಸ್ಸಿಗೆ ಆಲೂರು ಬಹಳ ಬೇಗ ಸಿಗುತ್ತದೆ. ಸುಮಾರು 12 ಕಿ.ಮೀ. ಇಲ್ಲಿಯವರೆಗೆ ಕಂಡದ್ದು ಬಯಲು: ರಾಗಿ, ಜೋಳ, ಆಲೂಗೆಡ್ಡೆ ಹೊಲಗಳು. ಆಲೂರು ದಾಟುತ್ತಿದ್ದಂತೆ ನೆಲ ಮಡಿಕೆ ಬೀಳಲು ಶುರುವಾಗುತ್ತದೆ. ತಗ್ಗಿನಲ್ಲಿ ಭತ್ತದ ಗದ್ದೆ, ದಿಬ್ಬದ ಮೇಲೆ ಕಾಫಿ ತೋಟ, ನಡುನಡುವೆ ಚೂರು ಚೂರು ಕಾಡು. ಮಲೆನಾಡಿಗೂ ಬಯಲುಸೀಮೆಗೂ ನಡುವಿನ ಈ ಪಟ್ಟಿಯನ್ನು ಅರೆಮಲೆನಾಡು ಎಂದು ಕರೆಯುವುದು ವಾಡಿಕೆ. ಹಾಸನದ ಕಡೆ ವರ್ಷಕ್ಕೆ ಸಾವಿರ ಮಿಲಿಮೀಟರಿನ ಆಸುಪಾಸು ಬೀಳುವ ಮಳೆ, ಸಕಲೇಶಪುರ ತಲುಪುವಷ್ಟರಲ್ಲಿ ಎರಡು ಸಾವಿರ ದಾಟುತ್ತದೆ. ನಲವತ್ತು ಕಿ.ಮೀ. ಅಂತರದಲ್ಲಿ ಮಳೆ ಇಮ್ಮಡಿ! ಘಟ್ಟದ ಅಂಚಿಗೆ ಹೋದಷ್ಟೂ ಅದು ಇನ್ನೂ ಏರುತ್ತದೆ.

ಇದಕ್ಕೆ ಕಾರಣ ಪುಸ್ತಕದಲ್ಲಿರುವುದೇ. ಅರಬ್ಬೀ ಸಮುದ್ರದಿಂದ ನೀರಾವಿ ಹೊತ್ತು ಬರುವ ನೈರುತ್ಯ ಮಾರುತಕ್ಕೆ ಪಶ್ಚಿಮ ಘಟ್ಟ ಗೋಡೆಯಂತೆ ಅಡ್ಡ ನಿಲ್ಲುತ್ತದೆ. ಗಾಳಿ ಮೇಲೇರಲೇಬೇಕು. ಮೇಲೇರಿದಂತೆ ಒತ್ತಡ ಕಡಿಮೆಯಾಗಿ ಗಾಳಿ ಹಿಗ್ಗುತ್ತದೆ, ಹಿಗ್ಗಿದ ಗಾಳಿ ತಣ್ಣಗಾಗುತ್ತದೆ, ತಣ್ಣಗಾದ ಗಾಳಿ ಮೊದಲಿನಷ್ಟು ಆವಿಯನ್ನು ಹೊರಲಾರದು. ಹೊರೆಯನ್ನು ಘಟ್ಟದ ಮೇಲೆ ಇಳಿಸಿ ಹಗುರಾಗಿ ಪೂರ್ವಕ್ಕೆ ಬರುತ್ತದೆ. ಹಾಸನಕ್ಕೆ ಉಳಿದದ್ದು ಮಿಕ್ಕ ಪಾಲು. ಇದನ್ನು ಕಪ್ಪುಹಲಗೆಯ ಮೇಲೆ ಬಾಣದ ಗುರುತು ಹಾಕಿ ವಿವರಿಸುವುದಕ್ಕಿಂತ, ಜುಲೈ ತಿಂಗಳಲ್ಲಿ ಹಾಸನದಲ್ಲಿ ಬಿಸಿಲಿದ್ದಾಗ ಬಸ್ಸು ಹತ್ತಿ ಸಕಲೇಶಪುರದಲ್ಲಿ ಕೊಡೆ ಬಿಚ್ಚಿ ಇಳಿದರೆ ಮಗುವಿಗೆ ಚೆನ್ನಾಗಿ ತಿಳಿಯುತ್ತದೆ.

ಸಕಲೇಶಪುರ ಸಮುದ್ರ ಮಟ್ಟದಿಂದ ಸುಮಾರು 950 ಮೀಟರ್ ಎತ್ತರದಲ್ಲಿದೆ. ಸಾವಿರ ಮೀಟರ್ ಏರಿದರೆ ಉಷ್ಣತೆ ಸರಾಸರಿ ಆರೂವರೆ ಡಿಗ್ರಿ ಇಳಿಯುತ್ತದೆಂಬ ಲೆಕ್ಕದಲ್ಲಿ, ಇದು ಮಂಗಳೂರಿಗಿಂತ ಆರು ಡಿಗ್ರಿ ತಂಪು. ಇಲ್ಲಿ ನೀರು ನೂರು ಡಿಗ್ರಿಗೆ ಕುದಿಯುವುದಿಲ್ಲ. ಸುಮಾರು 97ಕ್ಕೇ ಕುದಿಯುತ್ತದೆ. ಮನೆಯವರು ಇದನ್ನು ಗಮನಿಸದೆ ಇರಬಹುದು, ತೊಗರಿಬೇಳೆ ಗಮನಿಸುತ್ತದೆ!

ಊರಿಗೆ ಹೆಸರು ಬಂದದ್ದು ಹೇಮಾವತಿಯ ದಡದಲ್ಲಿರುವ ಸಕಲೇಶ್ವರನ ಗುಡಿಯಿಂದ. ಮೂಡಿಗೆರೆ ತಾಲ್ಲೂಕಿನ ಜಾವಳಿಯ ಬಳಿ ಹುಟ್ಟುವ ಹೇಮಾವತಿ ಊರ ನಡುವೆಯೇ ಹರಿಯುತ್ತದೆ. ಸೇತುವೆಯ ಮೇಲೆ ನಿಂತು ಮಕ್ಕಳಿಗೆ ಒಂದು ಪ್ರಶ್ನೆ ಹಾಕಬಹುದು. ಸಮುದ್ರ ಇರುವುದು ಪಶ್ಚಿಮಕ್ಕೆ, ಹಕ್ಕಿ ಹಾರಿದಂತೆ ಸುಮಾರು ನೂರು ಕಿ.ಮೀ. ದೂರದಲ್ಲಿ. ಹಾಗಿದ್ದೂ ಈ ಹೊಳೆ ಬೆನ್ನು ತಿರುಗಿಸಿ ಪೂರ್ವಕ್ಕೇಕೆ ಹೋಗುತ್ತದೆ? ಉತ್ತರ ಹೇಳಲು ಅವಸರ ಬೇಡ. ಅದು ಎರಡನೆಯ ದಿನ ಕಣ್ಣಿಗೇ ಕಾಣುತ್ತದೆ.

ನಕ್ಷತ್ರದೊಳಗೆ ನಿಂತು

ಸಕಲೇಶಪುರದಿಂದ ಮಂಗಳೂರು ದಾರಿಯಲ್ಲಿ ಐದಾರು ಕಿ.ಮೀ. ಹೋದರೆ ಎಡಗಡೆಯ ಗುಡ್ಡದ ಮೇಲೆ ಮಂಜರಾಬಾದ್ ಕೋಟೆ. ಸುಮಾರು 250 ಮೆಟ್ಟಿಲು ಹತ್ತಬೇಕು. ಟಿಪ್ಪು ಸುಲ್ತಾನ್ 1792ರಲ್ಲಿ ಇದನ್ನು ಪೂರ್ಣಗೊಳಿಸಿದ. ಮೂರನೆಯ ಮೈಸೂರು ಯುದ್ಧ ಆಗಷ್ಟೇ ಮುಗಿದು ಅರ್ಧ ರಾಜ್ಯ ಕೈಬಿಟ್ಟುಹೋಗಿದ್ದ ವರ್ಷವದು. ಉಳಿದಿದ್ದ ಮಂಗಳೂರು ಬಂದರಿಗೂ ಶ್ರೀರಂಗಪಟ್ಟಣಕ್ಕೂ ನಡುವಿನ ಘಟ್ಟದ ದಾರಿಯನ್ನು ಕಾಯುವುದು ಅವನಿಗೆ ಜೀವನ್ಮರಣದ ಪ್ರಶ್ನೆಯಾಗಿತ್ತು. ಇಲ್ಲಿ ಕವಿದಿದ್ದ ಮಂಜನ್ನು ಕಂಡು ಅವನೇ ಮಂಜರಾಬಾದ್ ಎಂದು ಹೆಸರಿಟ್ಟನೆಂದು ಜನ ಹೇಳುತ್ತಾರೆ.

ಕೋಟೆಯ ಆಕಾರ ಎಂಟು ಮೂಲೆಯ ನಕ್ಷತ್ರ. ಒಳಗೆ ನಿಂತವರಿಗೆ ಇದು ಗೊತ್ತಾಗುವುದಿಲ್ಲ, ಮೇಲಿನಿಂದ ತೆಗೆದ ಚಿತ್ರಗಳಲ್ಲಿ ಮಾತ್ರ ಸೊಗಸಾಗಿ ಕಾಣುತ್ತದೆ. ಆದರೆ ಈ ನಕ್ಷತ್ರ ಚೆಂದಕ್ಕಾಗಿ ಮಾಡಿದ್ದಲ್ಲ. ಚೌಕಾಕಾರದ ಕೋಟೆಯ ಗೋಡೆಗೆ ಶತ್ರು ಅಂಟಿಕೊಂಡು ನಿಂತರೆ ಮೇಲಿನವರಿಗೆ ಆತ ಕಾಣುವುದಿಲ್ಲ, ಗುಂಡು ತಗಲುವುದೂ ಇಲ್ಲ. ಗೋಡೆಯನ್ನು ಮೂಲೆ ಮೂಲೆಯಾಗಿ ಮುಂದೆ ಚಾಚಿದರೆ ಒಂದು ಮೂಲೆಯಲ್ಲಿ ನಿಂತವನು ಪಕ್ಕದ ಮೂಲೆಯ ಗೋಡೆಯುದ್ದಕ್ಕೂ ಗುಂಡು ಹಾರಿಸಬಹುದು. ಅಡಗಿ ನಿಲ್ಲಲು ಜಾಗವೇ ಉಳಿಯದು. ಯೂರೋಪಿನಲ್ಲಿ ತೋಪುಗಳು ಬಂದ ಮೇಲೆ ಬೆಳೆದ ವಿದ್ಯೆ ಇದು. ಹದಿನೇಳನೆಯ ಶತಮಾನದ ಫ್ರೆಂಚ್ ಎಂಜಿನಿಯರ್ ವೋಬಾನ್ ಇದರಲ್ಲಿ ದೊಡ್ಡ ಹೆಸರು. ಟಿಪ್ಪುವಿಗೆ ಫ್ರೆಂಚರ ನಂಟಿದ್ದದ್ದು ಎಲ್ಲರಿಗೂ ಗೊತ್ತಿರುವುದೇ. ರೇಖಾಗಣಿತದಿಂದ ಏನು ಪ್ರಯೋಜನ ಎಂದು ಗೊಣಗುವ ಹುಡುಗರನ್ನು ಈ ಗೋಡೆಯ ಮೇಲೆ ಒಂದು ಸುತ್ತು ನಡೆಸಬೇಕು. ಗೋಡೆಯ ಅಂಚಿಗೆ ಮಾತ್ರ ಬಿಡಬಾರದು. ಹಲವೆಡೆ ತಡೆಯಿಲ್ಲ, ಮಳೆಯಲ್ಲಿ ಪಾಚಿ ಜಾರುತ್ತದೆ.

ನಡುವೆ ಕೂಡಿಸುವ ಗುರುತಿನ ಆಕಾರದ ಕೊಳವಿದೆ. ಅದರ ಬಳಿ ನೆಲದಡಿಯ ಮದ್ದಿನ ಮನೆಗಳು. ಹೊರಗೆ ಎಷ್ಟೇ ಬಿಸಿಲಿದ್ದರೂ ಒಳಗೆ ತಂಪು. ಮಣ್ಣು, ಕಲ್ಲುಗಳು ಶಾಖವನ್ನು ಬೇಗ ಸಾಗಿಸುವುದಿಲ್ಲ ಎಂಬುದನ್ನು ತಿಳಿದೇ ಕಟ್ಟಿದ್ದಾರೆ.

ಗುಂಡ್ಯದ ಕಡೆ

ಕೋಟೆಯಿಂದ ಇಳಿದು ಮುಂದೆ ಹೋದರೆ ದೋಣಿಗಾಲ್. ಮಸಾಲೆ ಮಂಡಳಿಯ ಏಲಕ್ಕಿ ಸಂಶೋಧನಾ ಸಂಸ್ಥೆಯ ಪ್ರಾದೇಶಿಕ ಕೇಂದ್ರ ಇಲ್ಲಿದೆ. ಇಲ್ಲಿಂದ ಶಿರಾಡಿ ಘಾಟಿ ಆರಂಭ. ರಸ್ತೆಯ ಜೊತೆಜೊತೆಗೆ ಕೆಂಪುಹೊಳೆ ಇಳಿಯುತ್ತದೆ. ಗುಂಡ್ಯ ಹೊಳೆಯಾಗಿ ಕುಮಾರಧಾರೆಯನ್ನು ಸೇರುತ್ತದೆ. ಕುಮಾರಧಾರೆ ಉಪ್ಪಿನಂಗಡಿಯಲ್ಲಿ ನೇತ್ರಾವತಿಯನ್ನು ಕೂಡುತ್ತದೆ. ಈ ಕಣಿವೆಯ ನಿತ್ಯಹಸಿರು ಕಾಡಿನಲ್ಲಿ ಸಿಂಗಳೀಕ ಇದೆ, ಮಂಗಟ್ಟೆ ಹಕ್ಕಿ ಇದೆ. ತರಗೆಲೆಯ ನಡುವೆ ಕುಪ್ಪಳಿಸುವ ಸಣ್ಣ ಕಪ್ಪೆಯೊಂದಿದೆ. 1986ರಲ್ಲಿ ಇದನ್ನು ಮೊದಲು ವಿವರಿಸಿದ ಫ್ರೆಂಚ್ ವಿಜ್ಞಾನಿ ದ್ಯುಬುವಾ ಅದಕ್ಕೆ ಗುಂಡ್ಯದ ಹೆಸರನ್ನೇ ಇಟ್ಟರು. ಇಂಡಿರಾನಾ ಗುಂಡಿಯಾ ಎಂಬುದು ಅದರ ಈಗಿನ ಶಾಸ್ತ್ರೀಯ ನಾಮ. ನಮ್ಮ ತಾಲ್ಲೂಕಿನ ಹೊಳೆಯ ಹೆಸರು ಜಗತ್ತಿನ ಪ್ರಾಣಿಶಾಸ್ತ್ರದ ಪಟ್ಟಿಯಲ್ಲಿರುವುದು ಅಲ್ಲಿಯ ಮಕ್ಕಳಿಗೇ ಎಷ್ಟೋ ಸಲ ತಿಳಿದಿರುವುದಿಲ್ಲ.

ಈ ಘಾಟಿ ಪ್ರತಿ ಮಳೆಗಾಲದಲ್ಲೂ ಸುದ್ದಿಯಾಗುತ್ತದೆ. 2018ರ ಆಗಸ್ಟ್‌ನಲ್ಲಿ ಗುಡ್ಡ ಕುಸಿದು ರಸ್ತೆಯೂ ರೈಲೂ ನಿಂತುಹೋದವು. 2024ರ ಜುಲೈನಲ್ಲಿ ದೊಡ್ಡತಪ್ಪಲಿನಲ್ಲಿ ಮತ್ತೆ ಮತ್ತೆ ಮಣ್ಣು ಜಾರಿತು. ಅದೇ ತಿಂಗಳ ಕೊನೆಯಲ್ಲಿ ಕಡಗರವಳ್ಳಿ ಮತ್ತು ಎಡಕುಮೇರಿ ನಡುವೆ ರೈಲು ಹಳಿಯ ಕೆಳಗಿನ ಮಣ್ಣೇ ಕೊಚ್ಚಿಹೋಯಿತು. ಮರಳಿನ ಗುಡ್ಡೆ ಮಾಡಿ ನೋಡಿದ ಯಾವ ಮಗುವಿಗಾದರೂ ಗೊತ್ತು: ಅದು ಒಂದು ಕೋನದವರೆಗೆ ನಿಲ್ಲುತ್ತದೆ, ಅದಕ್ಕಿಂತ ಕಡಿದಾದರೆ ಜಾರುತ್ತದೆ. ಮಣ್ಣಿಗೂ ಅದರದೇ ಕೋನವಿದೆ. ಬೇರುಗಳು ಹಿಡಿದುಕೊಂಡಿದ್ದರೆ ಸ್ವಲ್ಪ ಹೆಚ್ಚು ತಾಳುತ್ತದೆ. ಮಳೆನೀರು ಕಣಕಣಗಳ ನಡುವೆ ಇಳಿದು ತೂಕ ಹೆಚ್ಚಿದಾಗ, ಕಣಗಳ ಹಿಡಿತ ಸಡಿಲವಾದಾಗ ಆ ಕೋನ ಕಡಿಮೆಯಾಗುತ್ತದೆ. ರಸ್ತೆ ಅಗಲ ಮಾಡಲು ಗುಡ್ಡವನ್ನು ನೆಟ್ಟಗೆ ಗೋಡೆಯಂತೆ ಕಡಿದರೆ ಏನಾಗುವುದೆಂದು ಹೇಳಲು ದೊಡ್ಡ ತಜ್ಞರೇನೂ ಬೇಕಿಲ್ಲ. ಬಸ್ಸಿನ ಕಿಟಕಿಯಿಂದ ಹೊಸದಾಗಿ ಕಡಿದ ಗುಡ್ಡಗಳನ್ನೂ ಹಳೆಯ ಇಳಿಜಾರುಗಳನ್ನೂ ಹೋಲಿಸಿ, ನೋಟು ಪುಸ್ತಕದಲ್ಲಿ ಎರಡರ ಕೋನವನ್ನೂ ಬರೆಯಲು ಮಕ್ಕಳಿಗೆ ಹೇಳಬಹುದು.

ಒಂದು ಗುಣಾಕಾರ

ಇದೇ ಕಣಿವೆಯ ಮೇಲ್ಭಾಗದಲ್ಲಿ ಎತ್ತಿನಹೊಳೆ, ಕಾಡುಮನೆಹೊಳೆ, ಕೇರಿಹೊಳೆ, ಹೊಂಗಡಹಳ್ಳಗಳಿವೆ. ಇವೆಲ್ಲ ಪಶ್ಚಿಮಕ್ಕೆ ಹರಿಯುವ ಹೊಳೆಗಳು. ಮಳೆಗಾಲದಲ್ಲಿ ಇವುಗಳ ನೀರನ್ನು ಪಂಪಿನಿಂದ ಮೇಲೆತ್ತಿ ಪೂರ್ವದ ಬಯಲುಸೀಮೆಗೆ ಹರಿಸುವ ಯೋಜನೆಗೆ 2014ರ ಮಾರ್ಚ್‌ನಲ್ಲಿ ಚಿಕ್ಕಬಳ್ಳಾಪುರದಲ್ಲಿ ಶಂಕುಸ್ಥಾಪನೆಯಾಯಿತು. ಮೊದಲ ಹಂತ 2024ರ ಸೆಪ್ಟೆಂಬರ್ 6ರಂದು, ಗೌರಿ ಹಬ್ಬದ ದಿನ, ಸಕಲೇಶಪುರ ತಾಲ್ಲೂಕಿನ ಹೆಬ್ಬನಹಳ್ಳಿಯಲ್ಲಿ ಉದ್ಘಾಟನೆಯಾಯಿತು. ಅಂದಾಜು ವೆಚ್ಚ 23 ಸಾವಿರ ಕೋಟಿ ರೂಪಾಯಿ ಮೀರಿದೆ. ಸಿಗುವುದೆಂದು ಹೇಳಿರುವ ನೀರು 24.01 ಟಿಎಂಸಿ.

ಪ್ರೌಢಶಾಲೆಯ ಮಕ್ಕಳು ಇಲ್ಲಿ ಒಂದು ಲೆಕ್ಕ ಮಾಡಲೇಬೇಕು. ಒಂದು ಟಿಎಂಸಿ ಎಂದರೆ ನೂರು ಕೋಟಿ ಘನ ಅಡಿ, ಅಂದರೆ ಸುಮಾರು 2.83 ಕೋಟಿ ಘನ ಮೀಟರ್. 24 ಟಿಎಂಸಿ ಎಂದರೆ ಸುಮಾರು 68 ಕೋಟಿ ಘನ ಮೀಟರ್. ಈ ಹೊಳೆಗಳಿಗೆ ನೀರು ಕೊಡುವ ಪ್ರದೇಶ ಸುಮಾರು 176 ಚದರ ಕಿ.ಮೀ., ಅಂದರೆ 17.6 ಕೋಟಿ ಚದರ ಮೀಟರ್. ಭಾಗಿಸಿದರೆ ಸುಮಾರು 3.9 ಮೀಟರ್ ಬರುತ್ತದೆ. ಆ ಇಡೀ ಪ್ರದೇಶದ ಮೇಲೆ 3,900 ಮಿ.ಮೀ. ಮಳೆ ಬಿದ್ದು, ಅದರಲ್ಲಿ ಮರಗಳು ಒಂದು ಗುಟುಕೂ ಕುಡಿಯದೆ, ನೆಲ ಒಂದು ಹನಿಯೂ ಹೀರದೆ, ಕೆಳಗಿನ ಹೊಳೆಗೆ ಒಂದು ಬೊಗಸೆಯೂ ಬಿಡದೆ ಪೂರ್ತಿ ಕಾಲುವೆಗೆ ಬಂದರೆ ಆಗ 24 ಟಿಎಂಸಿ! ಭಾರತೀಯ ವಿಜ್ಞಾನ ಸಂಸ್ಥೆಯ ಟಿ.ವಿ. ರಾಮಚಂದ್ರ ಮತ್ತು ಸಂಗಡಿಗರು ಅಧ್ಯಯನ ಮಾಡಿ, ಇಲ್ಲಿ ಒಟ್ಟು ಹರಿದುಬರುವ ನೀರೇ 9.55 ಟಿಎಂಸಿ ಎಂದರು. ಸರ್ಕಾರದ ಎಂಜಿನಿಯರರು ತಮ್ಮ ಅಂಕಿಯನ್ನು ಬಿಟ್ಟುಕೊಟ್ಟಿಲ್ಲ. ಕೋಲಾರ, ಚಿಕ್ಕಬಳ್ಳಾಪುರದ ಮಕ್ಕಳು ಫ್ಲೋರೈಡು ತುಂಬಿದ ಕೊಳವೆಬಾವಿಯ ನೀರು ಕುಡಿಯುತ್ತಿರುವುದೂ ಸುಳ್ಳಲ್ಲ. ಅವರ ದಾಹವನ್ನು ಯಾರೂ ಅಲ್ಲಗಳೆಯುವಂತಿಲ್ಲ. ಆದರೆ ದಾಹ ದೊಡ್ಡದೆಂದು ಹೊಳೆ ದೊಡ್ಡದಾಗುವುದಿಲ್ಲ. ಯಾರ ಲೆಕ್ಕ ಸರಿಯೆಂಬುದನ್ನು ಕಾಲುವೆಯಲ್ಲಿ ಅಳೆದ ನೀರು ವರ್ಷದಿಂದ ವರ್ಷಕ್ಕೆ ಹೇಳುತ್ತದೆ. ಮಕ್ಕಳು ಪತ್ರಿಕೆಯ ಆ ಸುದ್ದಿಗಳನ್ನು ಕತ್ತರಿಸಿಟ್ಟುಕೊಂಡರೆ ಒಳ್ಳೆಯದು.

ರೈಲಿನವರು ರೈಲಿನಲ್ಲೇ

ಘಟ್ಟ ಇಳಿಯಲು ರೈಲೂ ಇದೆ. ಹಾಸನ–ಮಂಗಳೂರು ಮೀಟರ್ ಗೇಜ್ ಮಾರ್ಗ ಪೂರ್ಣಗೊಂಡದ್ದು 1979ರಲ್ಲಿ. ಬ್ರಾಡ್ ಗೇಜ್ ಮಾಡಲು 1996ರಲ್ಲಿ ನಿಲ್ಲಿಸಿದ ಮೇಲೆ ಪ್ರಯಾಣಿಕರ ರೈಲು ಮತ್ತೆ ಬಂದದ್ದು 2007ರ ಡಿಸೆಂಬರಿನಲ್ಲಿ. ಹನ್ನೊಂದು ವರ್ಷ! ಆ ಅವಧಿಯಲ್ಲಿ ಹುಟ್ಟಿದ ಮಕ್ಕಳು ರೈಲು ಕಾಣುವ ಹೊತ್ತಿಗೆ ಐದನೇ ತರಗತಿಗೆ ಬಂದಿದ್ದರು. ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡ್ ನಿಲ್ದಾಣದವರೆಗಿನ 55 ಕಿ.ಮೀ. ದಾರಿಯಲ್ಲಿ 57 ಸುರಂಗಗಳು, ನೂರಕ್ಕೂ ಹೆಚ್ಚು ಸೇತುವೆಗಳು. ಇಳಿಜಾರು ಐವತ್ತಕ್ಕೆ ಒಂದು, ಅಂದರೆ ಐವತ್ತು ಮೀಟರ್ ಸಾಗಿದರೆ ಒಂದು ಮೀಟರ್ ಇಳಿತ. ಕೇಳಲು ಅಲ್ಪವೆನಿಸುತ್ತದೆ, ಆದರೆ ನುಣುಪು ಹಳಿಯ ಮೇಲೆ ನುಣುಪು ಗಾಲಿಗೆ ಅದೇ ಬೆಟ್ಟ. ಏರುವ ರೈಲಿಗೆ ಹಿಂದಿನಿಂದ ತಳ್ಳಲು ಹೆಚ್ಚುವರಿ ಎಂಜಿನ್ನು ಬೇಕು. 2021ರ ಜುಲೈಯಿಂದ ಗಾಜಿನ ಚಾವಣಿಯ ವಿಸ್ಟಾಡೋಮ್ ಬೋಗಿಗಳೂ ಹಗಲಿನ ರೈಲಿಗೆ ಬಂದಿವೆ. ಸಾಮಾನ್ಯ ಬೋಗಿಯ ಕಿಟಕಿಯಿಂದಲೂ ಕಾಣುವುದು ಅದೇ ಕಣಿವೆ, ಟಿಕೆಟ್ಟು ಅಗ್ಗ.

ಒಂದು ಮಾತು ಪೋಷಕರಿಗೆ. ಹಿಂದೆ ಗೇಜ್ ಪರಿವರ್ತನೆಯ ಕಾಲದಲ್ಲಿ ಈ ಹಳಿಯ ಮೇಲೆ ಚಾರಣ ಮಾಡುವುದು ಕಾಲೇಜು ಹುಡುಗರಲ್ಲಿ ಖ್ಯಾತವಾಗಿತ್ತು. ಈಗ ಅದು ನಿಷಿದ್ಧ. ಸುರಂಗದೊಳಗೆ ರೈಲು ಬಂದರೆ ಸರಿದು ನಿಲ್ಲಲು ಇರುವ ಜಾಗ ತೀರ ಇಕ್ಕಟ್ಟು, ಸೇತುವೆಯ ಮೇಲಂತೂ ಹೇಳುವುದೇ ಬೇಡ. ಯಾರೋ ಹಾಕಿದ ಫೋಟೋ ನೋಡಿ ಮಕ್ಕಳು ಹಟ ಹಿಡಿದರೂ ಬಿಡಬಾರದು.

ಗಜರಾಜನ ಹಾದಿ

ಎರಡನೆಯ ದಿನ ಸಕಲೇಶಪುರದಿಂದ ತೆಂಕಲಾಗಿ ಹೆತ್ತೂರು, ವನಗೂರು ದಾರಿ ಹಿಡಿಯಬೇಕು. ಎರಡೂ ಬದಿ ಕಾಫಿ. ಮಾರ್ಚ್, ಏಪ್ರಿಲ್‌ನಲ್ಲಿ ಹೂಮಳೆ ಬಿದ್ದ ಎಂಟು ಹತ್ತು ದಿನಕ್ಕೆ ಇಡೀ ಗುಡ್ಡ ಬೆಳ್ಳಗಾಗಿ ಮಲ್ಲಿಗೆಯಂಥ ಪರಿಮಳ ಹಬ್ಬುತ್ತದೆ. ಎರಡು ಮೂರು ದಿನ, ಅಷ್ಟೇ. ಹೂಮಳೆ ತಪ್ಪಿದರೆ ಆ ವರ್ಷದ ಫಸಲೂ ತಪ್ಪಿದಂತೆ. ನೆರಳಿಗೆ ಹಾಲುವಾಣ, ಅತ್ತಿ, ಆಸ್ಟ್ರೇಲಿಯಾದಿಂದ ಬಂದ ಸಿಲ್ವರ್ ಓಕ್. ಅವುಗಳಿಗೆ ಹಬ್ಬಿದ ಮೆಣಸಿನ ಬಳ್ಳಿ. ಹೊರಗಿನವರ ಕಣ್ಣಿಗೆ ಇದು ಕಾಡೇ. ಆನೆಯ ಕಣ್ಣಿಗೂ ಹಾಗೆಯೇ! ತಂಪು ನೆರಳು, ತೋಟದ ಕೆರೆಯಲ್ಲಿ ನೀರು, ಹಲಸು, ಬೈನೆ, ಪಕ್ಕದಲ್ಲೇ ತೆನೆ ತುಂಬಿದ ಭತ್ತ. ಬೇರೇನು ಬೇಕು?

ಆಲೂರು, ಸಕಲೇಶಪುರಗಳಲ್ಲಿ ಆನೆ ಮತ್ತು ಮನುಷ್ಯನ ಜಗಳ ಈ ದಶಕದ್ದಲ್ಲ. ಉಚ್ಚ ನ್ಯಾಯಾಲಯದ ಸೂಚನೆಯಂತೆ ಪ್ರೊ. ರಾಮನ್ ಸುಕುಮಾರ್ ಅಧ್ಯಕ್ಷತೆಯಲ್ಲಿ ರಚನೆಯಾದ ಆನೆ ಕಾರ್ಯಪಡೆ 2012ರಲ್ಲಿ ವರದಿ ಕೊಟ್ಟು, ಆಲೂರಿನಂಥ ಹರಿದು ಹಂಚಿಹೋದ ಕಾಡುಗಳಲ್ಲಿ ಆನೆಗಳನ್ನು ಉಳಿಸಿಕೊಳ್ಳುವುದು ಕಷ್ಟ, ಅಲ್ಲಿಂದ ತೆರವು ಮಾಡುವುದೇ ಲೇಸು ಎಂದಿತು. 2014ರಲ್ಲಿ 22 ಆನೆಗಳನ್ನು ಹಿಡಿದು ಸಾಗಿಸಿದರು. ತೆರವಾದ ಜಾಗಕ್ಕೆ ಬೇರೆ ಆನೆಗಳು ಬಂದವು. ಪಾತ್ರೆಯಲ್ಲಿ ಒಂದು ಕಡೆಯಿಂದ ನೀರು ತೋಡಿದರೆ ಇನ್ನೊಂದು ಕಡೆಯ ನೀರು ಬಂದು ತುಂಬುವುದಿಲ್ಲವೆ, ಹಾಗೆ.

ಯಸಳೂರು ವಲಯದ ದಬ್ಬಳ್ಳಿಕಟ್ಟೆಯ ಬಳಿ 2023ರ ಡಿಸೆಂಬರ್ 4ರಂದು ನಡೆದದ್ದು ನಾಡಿಗೆಲ್ಲ ಗೊತ್ತು. 2012ರಿಂದ 2019ರವರೆಗೆ ಎಂಟು ಸಲ ಮೈಸೂರು ದಸರೆಯ ಚಿನ್ನದ ಅಂಬಾರಿ ಹೊತ್ತಿದ್ದ ಅರ್ಜುನನನ್ನು ಕಾಡಾನೆ ಸೆರೆ ಹಿಡಿಯುವ ಕಾರ್ಯಾಚರಣೆಗೆ ಕರೆತಂದಿದ್ದರು. ಸಲಗವೊಂದರ ಜೊತೆಗಿನ ಕಾದಾಟದಲ್ಲಿ ಅದು ಅಲ್ಲಿಯೇ ಸತ್ತಿತು. ಅಲ್ಲಿಯೇ ಮಣ್ಣು ಮಾಡಿದರು. ಮಾವುತನ ಅಳುವನ್ನು ದೂರದರ್ಶನದಲ್ಲಿ ನೋಡಿದವರು ಮರೆತಿಲ್ಲ. ಪತ್ರಿಕೆಯ ಮೂಲೆಯಲ್ಲಿ ನಾಲ್ಕು ಸಾಲಿನಲ್ಲಿ ಮುಗಿದುಹೋಗುವ ಸಾವುಗಳೂ ಇವೆ: ಬೆಳಿಗ್ಗೆ ಕೆಲಸಕ್ಕೆ ಹೊರಟ ತೋಟದ ಕೂಲಿಯವರು, ಗದ್ದೆಗೆ ನೀರು ಕಟ್ಟಲು ಹೋದವರು. ಅವರ ಮನೆಯಲ್ಲೂ ಶಾಲೆಗೆ ಹೋಗುವ ಮಕ್ಕಳಿದ್ದಾರೆ.

ಈಗ ಕೆಲವು ಹೆಣ್ಣಾನೆಗಳ ಕೊರಳಿಗೆ ರೇಡಿಯೋ ಪಟ್ಟಿ ಕಟ್ಟಿದ್ದಾರೆ. ಹಿಂಡು ಎಲ್ಲಿದೆಯೆಂದು ಜನರ ಮೊಬೈಲಿಗೆ ಸಂದೇಶ ಹೋಗುತ್ತದೆ, ಆನೆ ಓಡಾಡುವ ಕಡೆಗಳಲ್ಲಿ ಎಚ್ಚರಿಕೆಯ ದೀಪಗಳಿವೆ. ಹೆಣ್ಣಾನೆಗೇ ಏಕೆ ಪಟ್ಟಿ? ಹಿಂಡನ್ನು ನಡೆಸುವುದು ಹಿರಿಯ ಹೆಣ್ಣಾನೆ. ಅದೊಂದನ್ನು ಹಿಂಬಾಲಿಸಿದರೆ ಇಡೀ ಸಂಸಾರದ ಸುದ್ದಿ ಸಿಗುತ್ತದೆ. ಒಂಟಿ ಸಲಗದ್ದೇ ಕಷ್ಟ. ಪ್ರವಾಸಿಗರು ಮುಸ್ಸಂಜೆಯ ಮೇಲೆ ಈ ದಾರಿಗಳಲ್ಲಿ ತಿರುಗದಿರುವುದು, ಆನೆ ಕಂಡಾಗ ವಾಹನ ನಿಲ್ಲಿಸಿ ಫೋಟೋ ತೆಗೆಯಲು ಇಳಿಯದಿರುವುದು ಅತಿ ಅಗತ್ಯ. ಊರಿನವರು ಹೇಳಿದ ಮಾತು ಕೇಳಬೇಕು. ಆನೆ ಎಲ್ಲಿದೆಯೆಂದು ಅವರಿಗಿಂತ ಚೆನ್ನಾಗಿ ಬಲ್ಲವರಿಲ್ಲ.

ಮಂಕನಹಳ್ಳಿಯ ಕಲ್ಲು

ವನಗೂರು ದಾಟಿ ಬಿಸಿಲೆಯ ಕಡೆ ಹೋಗುವಾಗ ಮಂಕನಹಳ್ಳಿಯ ಬಳಿ ರಸ್ತೆಯ ಪಕ್ಕ ಒಂದು ಗುರುತು ಇದೆ. ಒಂದು ಬದಿಗೆ ಬಂಗಾಳ ಕೊಲ್ಲಿ, ಇನ್ನೊಂದು ಬದಿಗೆ ಅರಬ್ಬೀ ಸಮುದ್ರ ಎಂದು ಬಾಣ ತೋರಿಸುತ್ತದೆ. ನೋಡಿದರೆ ಅಂಥ ವಿಶೇಷವೇನೂ ಕಾಣುವುದಿಲ್ಲ. ರಸ್ತೆಯ ಒಂದು ಸಣ್ಣ ಏರು, ಆಚೀಚೆ ಹುಲ್ಲು, ಮರಗಳು. ಅನೇಕರು ಕಾರು ನಿಲ್ಲಿಸದೆ ಹೋಗಿಬಿಡುತ್ತಾರೆ.

ಮೊದಲ ದಿನ ಹೇಮಾವತಿ ಸೇತುವೆಯ ಮೇಲೆ ಹಾಕಿದ ಪ್ರಶ್ನೆಯ ಉತ್ತರ ಇದೇ. ದಕ್ಷಿಣದ ಪ್ರಸ್ಥಭೂಮಿ ಪಶ್ಚಿಮದ ಅಂಚಿನಲ್ಲಿ ಎತ್ತರ, ಪೂರ್ವಕ್ಕೆ ಓರೆ. ಸುಮಾರು ಒಂಬತ್ತು ಕೋಟಿ ವರ್ಷಗಳ ಹಿಂದೆ ಮಡಗಾಸ್ಕರ್ ಭಾರತದಿಂದ ಬೇರ್ಪಟ್ಟಾಗ ಈ ಅಂಚು ರೂಪುಗೊಳ್ಳತೊಡಗಿತೆಂದು ಭೂವಿಜ್ಞಾನಿಗಳು ಹೇಳುತ್ತಾರೆ. ಅಡಿಯಲ್ಲಿರುವ ಬಂಡೆ ಅದಕ್ಕಿಂತ ಎಷ್ಟೋ ಹಳೆಯದು. ಗೊರೂರಿನ ಸುತ್ತಲಿನ ನೈಸ್ ಶಿಲೆಗೆ ಮುನ್ನೂರು ಕೋಟಿ ವರ್ಷಕ್ಕೂ ಹೆಚ್ಚು ವಯಸ್ಸು. ಅಂಚಿನ ಈಚೆ ಬಿದ್ದ ನೀರಿಗೆ ಕಡಲು ಎಷ್ಟು ಸಮೀಪವೆಂಬುದು ಮುಖ್ಯವಲ್ಲ, ತಗ್ಗು ಯಾವ ಕಡೆಗೆ ಎಂಬುದಷ್ಟೇ ಮುಖ್ಯ.

ಇಲ್ಲಿಂದ ಮುಂದೆ ಬಿಸಿಲೆಯ ವೀಕ್ಷಣಾ ಸ್ಥಳ. ಎದುರಿಗೆ ಆಳವಾದ ಕಣಿವೆ, ಅದರಾಚೆ 1,712 ಮೀಟರ್ ಎತ್ತರದ ಕುಮಾರಪರ್ವತ, ಪಕ್ಕದಲ್ಲಿ ಏಣಿಕಲ್ಲು ಬೆಟ್ಟ. ಬೆಳಿಗ್ಗೆ ಹೋದರೆ ಮಂಜು ಕಣಿವೆಯ ತಳದಲ್ಲಿ ಹಾಲಿನಂತೆ ನಿಂತಿರುತ್ತದೆ. ರಾತ್ರಿ ತಣ್ಣಗಾದ ಗಾಳಿ ತೂಕ ಹೆಚ್ಚಾಗಿ ತಗ್ಗಿಗೆ ಜಾರಿ ಅಲ್ಲಿ ಆವಿಯನ್ನು ಹನಿಗಟ್ಟಿಸುತ್ತದೆ. ಬಿಸಿಲೇರಿದಂತೆ ಮಂಜು ಅಂಚುಗಳಿಂದ ಕರಗುತ್ತ ಬಂದು, ಒಂಬತ್ತು ಹತ್ತು ಗಂಟೆಯ ಹೊತ್ತಿಗೆ ಕಾಡಿನ ನೆತ್ತಿ ಕಾಣುತ್ತದೆ.

ಹೋಗಲು ಒಳ್ಳೆಯ ಕಾಲ ಅಕ್ಟೋಬರಿನಿಂದ ಫೆಬ್ರವರಿ. ಮಳೆಗಾಲದಲ್ಲಿ ಸಣ್ಣ ಮಕ್ಕಳನ್ನು ಕರೆದೊಯ್ಯದಿರುವುದು ಕ್ಷೇಮ. ನೆಲ ಒದ್ದೆಯಿದ್ದರೆ ಇಂಬಳ ಹತ್ತುತ್ತದೆ. ಗಾಬರಿ ಬೇಡ, ಉಗುರಿನಿಂದ ಅದರ ಬಾಯಿಯ ಬಳಿ ಮೆಲ್ಲಗೆ ತಳ್ಳಿದರೆ ಬಿಡುತ್ತದೆ. ಬಿಟ್ಟ ಮೇಲೂ ರಕ್ತ ಒಸರುವುದು ಅದರ ಜೊಲ್ಲಿನಲ್ಲಿ ರಕ್ತ ಹೆಪ್ಪುಗಟ್ಟದಂತೆ ತಡೆಯುವ ವಸ್ತು ಇರುವುದರಿಂದ. ಕುಮಾರಪರ್ವತ ಹತ್ತುವವರು ಅರಣ್ಯ ಇಲಾಖೆಯ ಅನುಮತಿ ಪಡೆಯಬೇಕು. ಬಿಸಿಲೆಯಲ್ಲಿ ಹೋಟೆಲುಗಳನ್ನು ನಂಬಿ ಹೋಗಬಾರದು, ಬುತ್ತಿ ಕಟ್ಟಿಕೊಂಡು ಹೋಗುವುದೇ ಸರಿ.

ಮರಳುವಾಗ ಮತ್ತೆ ಮಂಕನಹಳ್ಳಿಯ ಗುರುತಿನ ಬಳಿ ನಿಲ್ಲಿ. ಮಕ್ಕಳ ಬಾಟಲಿಯಲ್ಲಿ ಉಳಿದ ನೀರನ್ನು ಅರ್ಧ ಈ ಬದಿ, ಅರ್ಧ ಆ ಬದಿ ಸುರಿಯಲಿ. ಪಡುವಲಿಗೆ ಬಿದ್ದದ್ದಕ್ಕೆ ದಾರಿ ಚಿಕ್ಕದು: ಕುಮಾರಧಾರೆ, ಉಪ್ಪಿನಂಗಡಿ, ನೇತ್ರಾವತಿ, ಮಂಗಳೂರಿನ ಅಳಿವೆ. ಮೂಡಲಿಗೆ ಬಿದ್ದದ್ದು ಹೇಮಾವತಿ ಸೇರಿ, ಗೊರೂರಿನ ಅಣೆಕಟ್ಟೆಯಲ್ಲಿ ತಂಗಿ, ಕೃಷ್ಣರಾಜಸಾಗರದಲ್ಲಿ ಕಾವೇರಿಯಾಗಿ, ಶಿವನಸಮುದ್ರದಲ್ಲಿ ಧುಮುಕಿ, ಮೆಟ್ಟೂರು ದಾಟಿ ತಂಜಾವೂರಿನ ಗದ್ದೆಗಳಿಗೆ ಹೋಗಬೇಕು. ಈ ನೀರು ಮಂಡ್ಯದ ನಾಲೆಯೊಂದಕ್ಕೆ ತಿರುಗಿ ಕಬ್ಬಿನ ಬುಡದಲ್ಲೇ ಇಂಗಿದರೂ ಇಂಗಿತು. ಮನೆಗೆ ಬಂದ ಮೇಲೆ ಅಟ್ಲಾಸಿನಲ್ಲಿ ಎರಡೂ ದಾರಿಗಳಿಗೆ ದಾರ ಇಟ್ಟು ಅಳೆದು ನೋಡುವ ಕೆಲಸ ಮಕ್ಕಳದು.